ಕೂತ ಅಲಸಂದೆ

ನನ್ನ ಗಂಡ ತೀರಿಕೊಂಡು ಏಳು ತಿಂಗಳಾಗಿತ್ತು. ಒಂದು ಮಧ್ಯಾಹ್ನ ಫೋನು ಬಂತು. ಹಿಂದಿನ ದಿನದಿಂದ ಯಾರ ಜೊತೆಗೂ ಮಾತಾಡಿರಲಿಲ್ಲವಾದ್ದರಿಂದ ಗಂಟಲು ಕಟ್ಟಿಹೋಗಿ, 'ಹಲೋ' ಅನ್ನುವುದಕ್ಕೆ ಎರಡು ಸಲ ಕೆಮ್ಮಬೇಕಾಯಿತು.

ಫೋನು ಮಾಡಿದವಳು ನನ್ನ ಹಳೆಯ ವಿದ್ಯಾರ್ಥಿನಿ. ಗೌರಿಬಿದನೂರಿನ ಹೈಸ್ಕೂಲಿನಲ್ಲಿ ನಾನು ಇಪ್ಪತ್ತೇಳು ವರ್ಷ ಕನ್ನಡ ಪಾಠ ಹೇಳಿದವಳು. ಆಗ ಮುಂದಿನ ಬೆಂಚಿನಲ್ಲಿ ಕೂತು ಪ್ರತಿಯೊಂದಕ್ಕೂ ಪ್ರಶ್ನೆ ಕೇಳುತ್ತಿದ್ದ ಈ ಹುಡುಗಿ ಈಗ ಚಿಕ್ಕಬಳ್ಳಾಪುರದ ಕೃಷಿ ಕಚೇರಿಯಲ್ಲಿ ಅಧಿಕಾರಿ.

"ಮಿಸ್, ಮನೇಲಿ ಸುಮ್ನೆ ಇದ್ದೀರಂತೆ. ಒಂದು ಪುಸ್ತಕ ಕನ್ನಡ ಮಾಡ್ಕೊಡ್ತೀರಾ?"

"ಸುಮ್ನೆ ಇದ್ದೀನಿ ಅಂತ ಯಾರಮ್ಮ ಹೇಳಿದ್ರು?" ಅಂದೆ. ಆದರೆ ಅವಳು ಹೇಳಿದ್ದು ನಿಜವೇ ಆಗಿತ್ತು.

ರೈತರು ತಲೆತಲಾಂತರದಿಂದ ಉಳಿಸಿಕೊಂಡು ಬಂದ ತಳಿಗಳನ್ನು ತಮ್ಮ ಹೆಸರಿನಲ್ಲೇ ದಾಖಲು ಮಾಡಿಸುವುದಕ್ಕೆ ಒಂದು ಅರ್ಜಿ ಪುಸ್ತಕ ಇಂಗ್ಲಿಷಿನಲ್ಲಿ ಬಂದಿತ್ತು. ಎಲೆ ಯಾವ ಆಕಾರ, ಹೂವು ಯಾವ ಬಣ್ಣ, ಕಾಯಿ ಎಷ್ಟು ಉದ್ದ, ಹೀಗೆ ಬೆಳೆಗೊಂದೊಂದು ಪುಟ. ಪ್ರತಿ ಪ್ರಶ್ನೆಯ ಮುಂದೆ ಗುರುತು ಹಾಕಲು ಚೌಕಗಳು. ನಾನು ಒಪ್ಪಿಕೊಂಡೆ. ಬೆಳಿಗ್ಗೆ ಸ್ನಾನ ಮುಗಿಸಿ ಮೇಜಿನ ಮುಂದೆ ಕೂರುವುದಕ್ಕೊಂದು ಕಾರಣ ಸಿಕ್ಕಿತು ಅನ್ನುವುದೇ ನನಗೆ ದೊಡ್ಡದಾಗಿತ್ತು.

ರಾಗಿ ಮುಗಿಯಿತು, ಹುರುಳಿ ಮುಗಿಯಿತು, ಅವರೆಯೂ ಮುಗಿಯಿತು. ಅಲಸಂದೆಯ ಪುಟಕ್ಕೆ ಬಂದಾಗ ಕೆಲಸ ನಿಂತುಹೋಯಿತು. ಗಿಡ ಬೆಳೆಯುವ ರೀತಿ ಯಾವುದು ಅನ್ನುವುದು ಅಲ್ಲಿನ ಪ್ರಶ್ನೆ. ನೆಟ್ಟಗೆ ನಿಲ್ಲುವುದು, ನೆಲದ ಮೇಲೆ ಹಬ್ಬುವುದು, ಮೇಲಕ್ಕೆ ಹತ್ತುವುದು, ಇವೆಲ್ಲ ಸುಲಭ. ಇವುಗಳ ನಡುವೆ ಒಂದು ಚೌಕವಿತ್ತು. ಅದರ ಮುಂದಿದ್ದ ಪದ 'ಸೆಮಿ ಇರೆಕ್ಟ್'.

ಪೂರ್ತಿ ನೆಟ್ಟಗಿರದ, ಅರೆಬರೆ ಎದ್ದಿರುವ ಅನ್ನುವುದು ಅದರ ಅರ್ಥ. ಹತ್ತನೇ ಕ್ಲಾಸಿನ ಮಕ್ಕಳೂ ಬಿಡಿಸಿ ಹೇಳಬಲ್ಲ ಪದ. ನಾನು 'ಅರ್ಧ ನೆಟ್ಟಗಿರುವ' ಎಂದು ಬರೆದು ಹೊಡೆದುಹಾಕಿದೆ. ಆ ಪದವನ್ನು ನಾನು ಅದಕ್ಕೂ ಮೊದಲು ಒಂದೇ ಒಂದು ಕಡೆ ಓದಿದ್ದೆ. ನನ್ನ ಗಂಡನ ಎದೆಯ ಎಕ್ಸ್‌ರೇ ಫಿಲ್ಮಿನ ಮೂಲೆಯಲ್ಲಿ.

ಅವರು ನಮ್ಮದೇ ಶಾಲೆಯ ಡ್ರಿಲ್ ಮಾಸ್ಟರು. ಆರಡಿ ಎತ್ತರ. ಮೈದಾನದ ಈ ತುದಿಯಿಂದ ಅವರು "ಬೆನ್ನು ನೆಟ್ಟಗೆ!" ಎಂದು ಕೂಗಿದರೆ ಆ ತುದಿಯಲ್ಲಿ ಸೈಕಲ್ ತಳ್ಳಿಕೊಂಡು ಹೋಗುತ್ತಿದ್ದ ಹಾಲಿನವನೂ ಒಂದು ಕ್ಷಣ ಬೆನ್ನು ಸೆಟೆಸುತ್ತಿದ್ದ. ನಮಗೆ ಮಕ್ಕಳಿರಲಿಲ್ಲ. ಇಬ್ಬರೂ ನಿವೃತ್ತರಾದ ಮೇಲೆ ಅವರ ಹೃದಯ ಸೋಲತೊಡಗಿತು. ಆಸ್ಪತ್ರೆಗೆ ಹತ್ತಿರವಾಗಲಿ ಎಂದು ಚಿಕ್ಕಬಳ್ಳಾಪುರಕ್ಕೆ ಬಂದು ಮನೆ ಮಾಡಿದೆವು. ಅಲ್ಲಿಗೆ ಬಂದು ವರ್ಷ ತುಂಬುವಷ್ಟರಲ್ಲಿ ಅವರಿಗೆ ಮಲಗುವುದಕ್ಕೇ ಆಗದಂತಾಯಿತು. ಬೆನ್ನು ಹಾಸಿಗೆಗೆ ತಾಗಿದರೆ ಸಾಕು, ಶ್ವಾಸಕೋಶಕ್ಕೆ ನೀರು ಏರಿ ಉಸಿರು ಕಟ್ಟುತ್ತಿತ್ತು. ಹಾಗೆಂದು ಪೂರ್ತಿ ಕೂರಲು ಶಕ್ತಿಯಿಲ್ಲ.

ಆಸ್ಪತ್ರೆಯಲ್ಲಿ ಎಕ್ಸ್‌ರೇ ಯಂತ್ರವನ್ನೇ ಮಂಚದ ಹತ್ತಿರಕ್ಕೆ ತಳ್ಳಿಕೊಂಡು ಬಂದರು. ಫಿಲ್ಮಿನ ಮೇಲಿದ್ದ ಪದ ಏನೆಂದು ನಾನು ಕೇಳಿದೆ.

"ನಿಲ್ಸಿ ತೆಗೀಬೇಕು ಮೇಡಂ. ಇವರ್ನ ನಿಲ್ಸಕ್ಕಾಗಲ್ಲ, ಮಲಗ್ಸಕ್ಕೂ ಆಗಲ್ಲ. ಅದಕ್ಕೆ ಹಂಗ್ ಹಾಕಿರ್ತೀವಿ, ಡಾಕ್ಟರಿಗೆ ಗೊತ್ತಾಗ್ಲಿ ಅಂತ," ಅಂದ ತಂತ್ರಜ್ಞ.

ಮನೆಗೆ ಕರೆತಂದ ಮೇಲೆ ಐದು ತಿಂಗಳು ಅವರು ಹಾಗೆಯೇ ಇದ್ದರು. ಬೆನ್ನಿಗೆ ನಾಲ್ಕು ದಿಂಬು, ಮೊಣಕಾಲಿನ ಕೆಳಗೆ ಒಂದು. ನಿದ್ದೆ ಹತ್ತಿದಾಗ ಮೈ ಕೆಳಗೆ ಜಾರುತ್ತಿತ್ತು. ಜಾರಿದರೆ ಉಸಿರು ಕಟ್ಟಿ ಎಚ್ಚರವಾಗುತ್ತಿತ್ತು. ಅದಕ್ಕೆಂದು ನಾನು ಮಂಚದ ಪಕ್ಕ ಕುರ್ಚಿ ಹಾಕಿಕೊಂಡು, ಅವರ ಕಂಕುಳಿಗೆ ಕೈ ಕೊಟ್ಟುಕೊಂಡೇ ತೂಕಡಿಸುತ್ತಿದ್ದೆ.

ಒಂದು ಭಾನುವಾರ ಅವರ ಹಳೆಯ ವಿದ್ಯಾರ್ಥಿಯೊಬ್ಬ ಮೋಸಂಬಿ ಹಿಡಿದುಕೊಂಡು ನೋಡಲು ಬಂದ. ಈಗ ಪೊಲೀಸ್ ಇಲಾಖೆಯಲ್ಲಿದ್ದಾನೆ. ಗೇಟಿನ ಸದ್ದು ಕೇಳಿದ್ದೇ ತಡ ಇವರು ನನ್ನ ತೋಳು ಹಿಡಿದು, "ನೆಟ್ಟಗೆ ಕೂರ್ಸು, ಬೇಗ," ಅಂದರು.

"ಬೇಡ ಕಣ್ರೀ, ಡಾಕ್ಟ್ರು ಹೇಳಿದಾರೆ."

"ಕೂರ್ಸು ಅಂದ್ನಲ್ಲ."

ಕಾಲು ಕೆಳಗಿಳಿಬಿಟ್ಟು, ಕೈ ಮೊಣಕಾಲ ಮೇಲಿಟ್ಟು, ಸೆಟೆದು ಕೂತರು. ಯಾವುದೋ ಕಬಡ್ಡಿ ಪಂದ್ಯದ ವಿಷಯ ಮಾತಾಡಿದರು. ಹುಡುಗ ನಗುತ್ತಿದ್ದ. ನಾನು ಇವರ ತುಟಿಗಳನ್ನೇ ನೋಡುತ್ತಿದ್ದೆ. ನೀಲಿಗಟ್ಟುತ್ತಿದ್ದವು. ಹತ್ತು ನಿಮಿಷದಲ್ಲಿ ಅವನು ಎದ್ದ. ಅವನು ಗೇಟು ಹಾಕಿಕೊಂಡು ಹೋದದ್ದೇ ಇವರು ದಿಂಬಿನ ಮೇಲೆ ಕುಸಿದರು. ತುಂಬ ಹೊತ್ತಿನ ಮೇಲೆ, "ಅವ್ನು ನೋಡ್ಲಿಲ್ಲ ಅಲ್ವಾ?" ಎಂದು ಕೇಳಿದರು.

"ಏನನ್ನ?"

"ನಾನು ಒರಗಿರದನ್ನ."

ಅವರು ಹೋದದ್ದು ಒಂದು ಬೆಳಿಗ್ಗೆ, ನಾನು ಬಾಗಿಲಿಗೆ ಹೋಗಿ ಹಾಲು ತೆಗೆದುಕೊಂಡು ಬರುವಷ್ಟರಲ್ಲಿ. ದಿಂಬುಗಳ ಮೇಲೆ ಹಾಗೆಯೇ ಇದ್ದರು. ನೆಂಟರು ಬಂದು ಅವರನ್ನು ಚಾಪೆಯ ಮೇಲೆ ಅಂಗಾತ ಮಲಗಿಸಿದಾಗ ನಾನು, "ಬೇಡ, ಹಂಗ್ ಮಲಗಿಸ್ಬೇಡಿ, ಉಸಿರು ಕಟ್ಟುತ್ತೆ," ಎಂದು ಕೂಗಿದೆನಂತೆ. ನನಗೆ ನೆನಪಿಲ್ಲ. ನನ್ನ ನಾದಿನಿ ಆಮೇಲೆ ಹೇಳಿದಳು.

ಎಲ್ಲರೂ ಹೊರಟುಹೋದ ಮೇಲೆ ನಾನು ಮಲಗಲು ನೋಡಿದೆ. ಆಗಲಿಲ್ಲ. ಬೆನ್ನು ಹಾಸಿಗೆಗೆ ತಾಗಿದ ಕೂಡಲೇ ಎದೆಯ ಮೇಲೆ ಯಾರೋ ಕೈಯಿಟ್ಟು ಒತ್ತಿದಂತಾಗಿ ಎದ್ದುಬಿಡುತ್ತಿದ್ದೆ. ಡಾಕ್ಟರು ಪರೀಕ್ಷೆ ಮಾಡಿ ನನಗೇನೂ ಇಲ್ಲ ಅಂದರು. ಹಾಗಾಗಿ ಅದೇ ಕುರ್ಚಿಯಲ್ಲಿ, ಖಾಲಿ ಮಂಚದ ಪಕ್ಕದಲ್ಲಿ, ಒರಗಿಕೊಂಡೇ ನಿದ್ದೆ ಮಾಡುವುದು ಅಭ್ಯಾಸವಾಯಿತು. ಇದನ್ನು ಯಾರಿಗೂ ಹೇಳಿರಲಿಲ್ಲ. ಹೇಳುವುದಕ್ಕೆ ಯಾರೂ ಇರಲಿಲ್ಲ ಅನ್ನುವುದು ಇನ್ನೂ ಸರಿಯಾದ ಮಾತು.

ಅಲಸಂದೆಯ ಪುಟ ಎರಡು ವಾರ ಮೇಜಿನ ಮೇಲೇ ಉಳಿಯಿತು. ಅಧಿಕಾರಿ ಹುಡುಗಿ ಫೋನು ಮಾಡಿದಳು.

"ಮಿಸ್, ಒಂದೇ ಪದ ಉಳಿದಿರೋದು. ಅರೆನೇರ ಅಂತ ಹಾಕಿಬಿಡಿ, ಮುಗೀತು."

"ಅದು ರೈತರು ಆಡೋ ಮಾತಲ್ಲಮ್ಮ. ಗಿಡ ನೋಡ್ದೆ ನಾನು ಬರೆಯಲ್ಲ."

ನಾನು ಗಿಡದ ನೆಪ ಹೇಳಿ ಕಾಲ ತಳ್ಳುತ್ತಿದ್ದೆ. ಅವಳು ಅದನ್ನು ನಿಜವೆಂದೇ ತೆಗೆದುಕೊಂಡು ಮಂಡಿಕಲ್ಲಿನ ಒಬ್ಬ ರೈತರ ನಂಬರು ಕೊಟ್ಟಳು. ಹೋದೆ. ಅವರ ಹೊಲದಲ್ಲಿ ಆ ವರ್ಷ ಅಲಸಂದೆಯೇ ಇರಲಿಲ್ಲ, ಬರೀ ಟೊಮೆಟೊ. ಆಮೇಲೆ ಹುಡುಗಿ ಹೇಳಿದ್ದು ಚಿಂತಾಮಣಿ ತಾಲ್ಲೂಕಿನ ಕೆಂಚಾರ್ಲಹಳ್ಳಿಯ ಹೆಂಗಸೊಬ್ಬಳ ಬಗ್ಗೆ. ಅವಳ ಅತ್ತೆಯ ಕಾಲದ ಅಲಸಂದೆ ಬೀಜವನ್ನು ಅವಳು ಬಿಡದೆ ಇಟ್ಟುಕೊಂಡಿದ್ದಾಳಂತೆ, ಈ ಸಲ ರಾಗಿಯ ನಡುವೆ ಸಾಲು ಹಾಕಿದ್ದಾಳಂತೆ.

ಭಾದ್ರಪದದ ಒಂದು ಬೆಳಿಗ್ಗೆ ಹೊರಟೆ. ಶಿಡ್ಲಘಟ್ಟದಲ್ಲಿ ರೇಷ್ಮೆಗೂಡಿನ ಮಾರುಕಟ್ಟೆ ಮುಗಿಸಿದವರು ಖಾಲಿ ಚೀಲ ಮಡಚಿಕೊಂಡು ಬಸ್ ಹತ್ತಿದರು. ಚಿಂತಾಮಣಿಯಲ್ಲಿ ಇನ್ನೊಂದು ಬಸ್ಸು. ಕೆಂಚಾರ್ಲಹಳ್ಳಿಯಲ್ಲಿ ಇಳಿದಾಗ ಹನ್ನೊಂದು ಗಂಟೆ. ಹೇಳಿದ ಮನೆಯ ಮುಂದೆ ಅರವತ್ತರ ಆಸುಪಾಸಿನ, ಕಡ್ಡಿಯಂಥ ಹೆಂಗಸು ಸೊಂಟಕ್ಕೆ ಸೆರಗು ಸಿಕ್ಕಿಸಿಕೊಂಡು ನಿಂತಿದ್ದಳು.

"ಅಲಸಂದೆ ನೋಡಕ್ಕೆ ಅಷ್ಟು ದೂರದಿಂದ ಬಂದ್ರಾ ಟೀಚರಮ್ಮ? ಅದರಲ್ಲೇನ್ ನೋಡ್ತೀರಿ, ತಿನ್ನೋದು ಅದು," ಅಂದಳು.

ಹೊಲ ಮನೆಯ ಹಿಂದೆಯೇ. ಹಿಪ್ಪುನೇರಳೆ ತೋಟ ದಾಟಿ ರಾಗಿ. ರಾಗಿಯ ಸಾಲುಗಳ ನಡುವೆ ಅಲಸಂದೆ. ನಾನು ಬಗ್ಗಿ ನೋಡಿದೆ. ಬುಡದಿಂದ ಗೇಣುದ್ದ ಕಾಂಡ ಮೇಲಕ್ಕೆ ಎದ್ದಿತ್ತು. ಅಲ್ಲಿಂದ ಕೊಂಬೆಗಳು ಆ ಕಡೆ ಈ ಕಡೆ ವಾಲಿ, ನೆಲಕ್ಕೆ ತಾಗದೆ, ಮತ್ತೆ ತುದಿಯಲ್ಲಿ ತಲೆಯೆತ್ತಿದ್ದವು. ಕಾಯಿಗಳು ಎಲೆಗಿಂತ ಮೇಲೆ ಇಣುಕುತ್ತಿದ್ದವು. ಪುಸ್ತಕದಲ್ಲಿದ್ದ ಚಿತ್ರವೇ.

"ಇದನ್ನ ಏನಂತ ಕರೀತೀರಿ?"

"ಅಲಸಂದೆ."

"ಅಲ್ಲ, ಇದು ಇರೋ ರೀತಿಗೆ. ನೆಟ್ಟಗೂ ಇಲ್ಲ, ಹಬ್ಬಿಯೂ ಇಲ್ಲವಲ್ಲ."

ಅವಳು ನನ್ನನ್ನು ದಡ್ಡ ಮಗುವನ್ನು ನೋಡುವಂತೆ ನೋಡಿದಳು. "ಇದು ಕೂತ ಅಲಸಂದೆ ಕಣಮ್ಮ. ನಿಂತ ಅಲಸಂದೆ ಬೇರೆ, ಮಲಗಿದ ಅಲಸಂದೆ ಬೇರೆ. ಮಲಗಿದ್ದು ಹಾಕಿದ್ರೆ ಕಾಯಿ ಮಣ್ಣಾಗತ್ತೆ, ಮಳೇಗೆ ಕೊಳೀತದೆ. ನಿಂತಿದ್ದು ಹಾಕಿದ್ರೆ ಗಾಳಿಗೆ ಬೀಳ್ತದೆ. ಇದು ಕೂತಿರ್ತದೆ. ನಮ್ಮತ್ತೆ ಇದನ್ನೇ ಹಾಕು ಅಂದಿದ್ರು."

"ಅರ್ಧ ನಿಂತಿರೋದು ಅನ್ನಬಹುದಾ?"

"ಯಾಕೆ ಅರ್ಧ? ಪೂರ್ತಿ ಕೂತದೆಯಲ್ಲ."

ನನ್ನ ಹತ್ತಿರ ನಿಘಂಟಿತ್ತು, ಇಪ್ಪತ್ತೇಳು ವರ್ಷ ವ್ಯಾಕರಣ ಹೇಳಿಕೊಟ್ಟ ನಾಲಗೆಯಿತ್ತು. ಎರಡು ವಾರದಲ್ಲಿ ಒಮ್ಮೆಯೂ ಆ ಮಾತು ಹೊಳೆದಿರಲಿಲ್ಲ. ಚೀಟಿಯ ಮೇಲೆ 'ಕೂತ' ಎಂದು ಬರೆದುಕೊಂಡೆ.

ಬಂದ ಕೆಲಸ ಅಷ್ಟಕ್ಕೇ ಮುಗಿದಿತ್ತು. ಆದರೆ ವಾಪಸ್ ಬಸ್ಸಿಗೆ ಹೊತ್ತಿತ್ತು. "ಊಟ ಮಾಡ್ಕೊಂಡು ಹೋಗೀರಂತೆ ಬನ್ನಿ, ಇವತ್ತು ನಮಗೂ ಬಿಡುವು. ಹುಳ ಜ್ವರಕ್ಕೆ ಕೂತವೆ," ಅಂದಳು ಅವಳು.

ಜ್ವರ ಅಂದರೆ ಕಾಯಿಲೆಯಲ್ಲ. ರೇಷ್ಮೆಹುಳು ಬೆಳೆಯುತ್ತ ನಾಲ್ಕು ಸಲ ಪೊರೆ ಬಿಡುತ್ತದೆ. ಆಗ ಒಂದು ದಿನ ಸೊಪ್ಪು ಮುಟ್ಟುವುದಿಲ್ಲ, ಅಲ್ಲಾಡುವುದಿಲ್ಲ. ಉಳಿದ ದಿನಗಳಲ್ಲಿ ಮನೆಮಂದಿಗೆಲ್ಲ ಸೊಪ್ಪು ಕೊಯ್ಯುವುದು, ಹಾಕುವುದು, ಮತ್ತೆ ಕೊಯ್ಯುವುದು. ಜ್ವರದ ದಿನ ಮಾತ್ರ ರಜ.

ಹುಳುವಿಗೆ ರೋಗ ತಗಲದಿರಲೆಂದು ಬಾಗಿಲಲ್ಲಿದ್ದ ಸುಣ್ಣದ ನೀರಿನಲ್ಲಿ ಕಾಲು ತೊಳೆಸಿ ಅವಳು ನನ್ನನ್ನು ಹುಳುಮನೆಯೊಳಕ್ಕೆ ಕರೆದುಕೊಂಡು ಹೋದಳು. ಇಷ್ಟು ವರ್ಷ ಈ ಸೀಮೆಯಲ್ಲಿದ್ದೂ ನಾನು ಹುಳುಮನೆಯ ಒಳಗೆ ಹೋದವಳಲ್ಲ. ಹುಳು ಸೊಪ್ಪು ತಿನ್ನುವಾಗ ಮಳೆ ಹನಿದ ಹಾಗೆ ಸದ್ದಾಗುತ್ತದೆ ಎಂದು ಕೇಳಿದ್ದೆ. ಅಂದು ಸದ್ದೇ ಇರಲಿಲ್ಲ. ಅಂತಸ್ತು ಅಂತಸ್ತಿನ ಹಲಗೆಗಳ ಮೇಲೆ ಸುಣ್ಣದ ಪುಡಿಯಲ್ಲಿ ಸಾವಿರಾರು ಹುಳುಗಳು, ಹಿಂಭಾಗ ಸೊಪ್ಪಿಗೆ ಅಂಟಿಸಿ, ಎದೆ ಮತ್ತು ತಲೆ ಮೇಲೆತ್ತಿ, ಮಿಸುಕದೆ ಕೂತಿದ್ದವು. ಎಲ್ಲವೂ ಒಂದೇ ಓರೆಯಲ್ಲಿ.

"ಇವಕ್ಕೆ ನೋವಾಗಲ್ವಾ?" ಎಂದು ಕೇಳಿಬಿಟ್ಟೆ.

"ಯಾರಿಗ್ ಗೊತ್ತಮ್ಮ. ನಾಳೆ ಬೆಳಿಗ್ಗೆ ಎದ್ದು ತಿನ್ನಕ್ಕೆ ಕೇಳ್ತವೆ, ಅಷ್ಟೇ ನಮಗ್ ಗೊತ್ತಿರೋದು. ಬನ್ನಿ, ಜಾಸ್ತಿ ಹೊತ್ತು ನಿಲ್ಲಬಾರದು ಇಲ್ಲಿ."

ಮುದ್ದೆ, ಅಲಸಂದೆಕಾಳಿನ ಸಾರು. ಬಹಳ ದಿನಗಳ ಮೇಲೆ ಇನ್ನೊಬ್ಬರ ಕೈಯಡುಗೆ ಉಂಡೆ. ಊಟವಾದ ಮೇಲೆ ಅವಳ ಮಗ, ಸೊಸೆ ಎಲ್ಲ ಅಲ್ಲಲ್ಲೇ ಉರುಳಿಕೊಂಡರು. ನಾನು ಪಡಸಾಲೆಯ ಗೋಡೆಗೆ ಬೆನ್ನು ಕೊಟ್ಟು ಕಣ್ಣು ಮುಚ್ಚಿದೆ.

"ಅಲ್ಯಾಕೆ ಒರಗಿದ್ದೀರಿ? ಕತ್ತು ಹಿಡ್ಕೊಳ್ಳತ್ತೆ, ಮಲ್ಕೊಳ್ಳಿ," ಅಂದಳು ಅವಳು. ಸೊಸೆಯ ಕಡೆ ತಿರುಗಿ ತೆಲುಗಿನಲ್ಲಿ, "ಟೀಚರಮ್ಮಕಿ ಚಾಪ ಎಯ್ಯಿ," ಎಂದು ಚಾಪೆ ಹಾಸಲು ಹೇಳಿದಳು.

"ಬೇಡಿ. ನನಗೆ ಮಲಗಕ್ಕಾಗಲ್ಲ."

"ಬೆನ್ನು ನೋವಾ?"

ಅಲ್ಲ ಅಂದೆ. ಮತ್ತೇನು ಎಂದು ಕೇಳಿದಳು. ಯಾಕೋ ಹೇಳಿಬಿಟ್ಟೆ. ದಿಂಬು, ಕುರ್ಚಿ, ಕಂಕುಳಿಗೆ ಕೊಟ್ಟ ಕೈ, ಎಲ್ಲ. ಹೇಳುವಾಗ ಅಳು ಬರಲಿಲ್ಲ. ಅವಳೂ ಅಯ್ಯೋ ಪಾಪ ಅನ್ನಲಿಲ್ಲ. ಎಲೆಯಡಿಕೆ ಮಡಿಸುತ್ತ ಕೇಳಿಸಿಕೊಂಡಳು.

"ನಿಮಗೇನಾದ್ರೂ ಉಸಿರಿನ ಕಾಯ್ಲೆ ಐತಾ?"

"ಇಲ್ಲ."

"ಡಾಕ್ಟ್ರು ನೋಡಿದ್ರಾ?"

"ನೋಡಿದ್ರು. ಏನೂ ಇಲ್ಲ ಅಂದ್ರು."

"ಮತ್ತೆ ಮಲ್ಕೊಳ್ಳಿ. ನಾನಿಲ್ಲೇ ಇರ್ತೀನಿ, ಉಸಿರು ನಿಂತ್ರೆ ಎಬ್ಬಿಸ್ತೀನಿ."

ನಗು ಬಂತು. ಅವಳು ನಗಲಿಲ್ಲ. ಹೇಳಿದ್ದನ್ನು ಮಾಡುವವಳಂತೆ ಚಾಪೆಯ ಪಕ್ಕದಲ್ಲೇ ಕೂತುಕೊಂಡು ಅಲಸಂದೆ ಕಾಯಿ ಬಿಡಿಸತೊಡಗಿದಳು. ನಾನು ಮಲಗಿದೆ. ಬೆನ್ನು ನೆಲಕ್ಕೆ ತಾಗಿತು. ಎದೆ ಹಿಡಿದುಕೊಂಡಿತು. ಏಳಬೇಕೆಂದುಕೊಂಡೆ. ಕಾಳು ಮೊರಕ್ಕೆ ಬೀಳುವ ಸದ್ದು ಕೇಳುತ್ತಿತ್ತು. ಇನ್ನು ಹತ್ತು ಕಾಳು ಬೀಳಲಿ, ಆಮೇಲೆ ಏಳೋಣ ಎಂದು ಎಣಿಸತೊಡಗಿದೆ.

ಎಚ್ಚರವಾದಾಗ ಹಿತ್ತಲಿನಲ್ಲಿ ಹಾಲು ಕರೆಯುತ್ತಿದ್ದರು. ಬಿಸಿಲು ಬಾಗಿಲಿನಿಂದ ಗೋಡೆಗೆ ಹೋಗಿತ್ತು. ಅವಳು ಅಲ್ಲಿ ಇರಲಿಲ್ಲ. ಮೊರದ ತುಂಬ ಕಾಳಿತ್ತು. ನನ್ನ ಕೆನ್ನೆಯ ಮೇಲೆ ಚಾಪೆಯ ಗೆರೆ ಮೂಡಿತ್ತು.

"ಮೂರು ಗಂಟೆ ಮಲಗಿದ್ರಿ. ಗೊರಕೆ ಬೇರೆ," ಎಂದು ಅವಳು ಕಾಫಿ ಲೋಟ ಕೊಟ್ಟಳು. ಆಮೇಲೆ ಸ್ವಲ್ಪ ಮೆಲ್ಲಗೆ, "ಮನೇಲಿ ಯಾರೂ ಇಲ್ವಾ?" ಎಂದು ಕೇಳಿದಳು.

"ಇಲ್ಲ," ಅಂದೆ. ಕೊನೆಯ ಬಸ್ಸಿಗೆ ಮುಂಚಿನ ಬಸ್ಸು ಹಿಡಿದೆ.

ಆ ವಾರ ಅಲಸಂದೆಯ ಪುಟ ಮುಗಿಸಿ ಕಳಿಸಿದೆ. ನಿಂತ, ಕೂತ, ಮಲಗಿದ, ಹತ್ತುವ. ಎರಡು ದಿನಕ್ಕೆ ಹುಡುಗಿಯ ಫೋನು. ಅವಳ ದನಿಯಲ್ಲೇ ಗೊತ್ತಾಯಿತು.

"ಮಿಸ್, ನಂಗೆ ತುಂಬಾ ಇಷ್ಟ ಆಯ್ತು. ಆದ್ರೆ ಸಮಿತಿಯವರು ಒಪ್ತಾ ಇಲ್ಲ. ಗಿಡ ಕೂತ್ಕೊಳ್ಳುತ್ತಾ ಅಂತ ಕೇಳ್ತಾರೆ."

"ಒಂದ್ಸಲ ನಾನೇ ಮಾತಾಡ್ತೀನಿ, ಕೊಡಮ್ಮ."

ಸಮಿತಿಯ ಹಿರಿಯರು ಮರ್ಯಾದೆಯಿಂದಲೇ ಮಾತಾಡಿದರು. ಬೇರೆ ಜಿಲ್ಲೆಯವರಿಗೆ ಇದು ಅರ್ಥವಾಗಬೇಕು, ಒಬ್ಬೊಬ್ಬರು ಕೂರುವುದು ಒಂದೊಂದು ಥರ, ಕಾಂಡದ ಕೋನ ಅಳೆಯಬೇಕಾದವರಿಗೆ ನೇರ, ಅರೆನೇರ ಅಂದರೇ ಅನುಕೂಲ ಅಂದರು. ಅವರು ಹೇಳಿದ್ದರಲ್ಲಿ ತಪ್ಪಿರಲಿಲ್ಲ. ನಾನು, "ಅರೆ ಅಂದ್ರೆ ಏನೋ ಕಮ್ಮಿ ಅಂತಾಗುತ್ತೆ ಸರ್," ಅಂದೆ. "ಗಿಡಕ್ಕೆ ಬೇಜಾರಾಗಲ್ಲ ಬಿಡಿ ಮೇಡಂ," ಎಂದು ಅವರು ನಕ್ಕರು. ಪುಸ್ತಕದಲ್ಲಿ ಅರೆನೇರ ಎಂದೇ ಅಚ್ಚಾಯಿತು.

ಅರ್ಜಿ ತುಂಬಿಸುವುದಕ್ಕೆ ಚಿಕ್ಕಬಳ್ಳಾಪುರದಲ್ಲಿ ಒಂದು ದಿನ ರೈತರನ್ನು ಕರೆದಿದ್ದರು. ಕೆಂಚಾರ್ಲಹಳ್ಳಿಯಿಂದ ಅವಳೂ ಬರುತ್ತಾಳೆಂದು ತಿಳಿದು ನಾನು ಬೆಳಿಗ್ಗೆಯೇ ಎದ್ದು ಅನ್ನ, ಸಾರು, ಪಲ್ಯ ಮಾಡಿಟ್ಟು ಹೋದೆ. ಸಭೆ ಮುಗಿದ ಮೇಲೆ ಮನೆಗೆ ಊಟಕ್ಕೆ ಕರೆಯಬೇಕೆಂದು. ಈ ಮನೆಗೆ ನಾನು ಒಬ್ಬರನ್ನೂ ಊಟಕ್ಕೆ ಕರೆದದ್ದಿರಲಿಲ್ಲ.

ಅವಳು ಇಸ್ತ್ರಿ ಸೀರೆಯುಟ್ಟು ಬಂದಿದ್ದಳು. ನನ್ನ ಪಕ್ಕದ ಕುರ್ಚಿಗೇ ಬಂದು ಕೂತು, ಪುಸ್ತಕ ಬಿಡಿಸಿ ಬೆರಳಿಟ್ಟು ಅಕ್ಷರ ಅಕ್ಷರವಾಗಿ ಓದಿದಳು. "ಅ-ರೆ-ನೇ-ರ. ಇದ್ಯಾವುದಮ್ಮ?"

"ನಿಮ್ಮದೇ. ಕೂತ ಅಲಸಂದೆ."

"ಹಂಗೇ ಬರೀಬೇಕಾಗಿತ್ತಲ್ಲ."

"ಬರೆದಿದ್ದೆ. ಒಪ್ಪಲಿಲ್ಲ."

ಅವಳಿಗೆ ಅದರಿಂದ ಬೇಜಾರೇನೂ ಆದಂತೆ ಕಾಣಲಿಲ್ಲ. "ಸರಿ, ಅವರು ಹೇಳಿದ್ ಕಡೆ ಗುರುತು ಹಾಕಿ," ಅಂದಳು. ಹಾಕಿದೆ. ಎಲೆ, ಹೂವು, ಕಾಯಿ, ಬೀಜ, ಎಲ್ಲ ಮುಗಿಸಿ ಮೊದಲ ಪುಟಕ್ಕೆ ಬಂದೆವು. ತಳಿಯ ಹೆಸರು ಎಂದು ಒಂದು ಖಾಲಿ ಗೆರೆ. ರೈತರು ಏನು ಹೇಳುತ್ತಾರೋ ಅದನ್ನೇ ಬರೆಯಬೇಕು ಅನ್ನುವ ಸೂಚನೆಯನ್ನು ನಾನೇ ಕನ್ನಡ ಮಾಡಿದ್ದೆ.

"ಹೆಸರೇನು ಬರೀಲಿ?"

"ಎಷ್ಟ್ ಸಲ ಹೇಳಬೇಕು ನಿಮಗೆ? ಕೂತ ಅಲಸಂದೆ."

ದಪ್ಪ ಅಕ್ಷರದಲ್ಲಿ ಬರೆದೆ. ಹಿಂದೆ ನಿಂತು ನೋಡುತ್ತಿದ್ದ ಅಧಿಕಾರಿ ಹುಡುಗಿ ಅದರ ಮೇಲೆ ಕಚೇರಿಯ ಮೊಹರು ಒತ್ತಿದಳು.

ಊಟಕ್ಕೆ ಕರೆದೆ. "ಇನ್ನೊಂದು ದಿನ ಬರ್ತೀನಿ ಟೀಚರಮ್ಮ. ಈಗಿನ ಹುಳ ಹಣ್ಣಾಗವೆ, ಇವತ್ತೇ ಗೂಡು ಕಟ್ಟಕ್ಕೆ ಬಿಡ್ಬೇಕು. ಸೊಸೆ ಒಬ್ಬಳ ಕೈಲಾಗಲ್ಲ," ಅಂದಳು. ಬಲವಂತ ಮಾಡುವಂತಿರಲಿಲ್ಲ. ಬಸ್ ನಿಲ್ದಾಣದವರೆಗೆ ಜೊತೆಗೆ ನಡೆದೆ. ಅಲ್ಲಿ ಇಬ್ಬರೂ ಬಸ್ಸುಗಳ ಬೋರ್ಡು ನೋಡುತ್ತ ನಿಂತೆವು. ಚಿಂತಾಮಣಿ ಬಸ್ಸು ಬಂತು. ಅವಳು ಹತ್ತಿ, ಕಿಟಕಿಯ ಸೀಟು ಹಿಡಿದು, ಕೈಚೀಲ ತೊಡೆಯ ಮೇಲಿಟ್ಟುಕೊಂಡಳು. ಬಸ್ಸು ತಿರುಗುವಾಗ ನನ್ನ ಕಡೆ ನೋಡಿದಳೋ ಇಲ್ಲವೋ ತಿಳಿಯಲಿಲ್ಲ.

ಮನೆಗೆ ಬಂದು ತಟ್ಟೆ ಹಾಕಿಕೊಂಡು ಕೂತೆ. ಸೇರಲಿಲ್ಲ. ಇಬ್ಬರಿಗೆಂದು ಮಾಡಿದ ಅನ್ನ ಪಾತ್ರೆಯಲ್ಲಿ ಹಾಗೆಯೇ ಉಳಿದಿತ್ತು. ಅದನ್ನು ಮುಚ್ಚಿಟ್ಟು, ಮೇಜಿನ ಮೇಲಿದ್ದ ಹಾಳೆಗಳನ್ನೆಲ್ಲ ಜೋಡಿಸಿ ದಾರ ಕಟ್ಟಿದೆ. ಕೆಲಸ ಮುಗಿದಿತ್ತು. ನಾಳೆ ಬೆಳಿಗ್ಗೆ ಸ್ನಾನವಾದ ಮೇಲೆ ಏನು ಮಾಡುವುದೆಂದು ಯೋಚಿಸುತ್ತ ಕೂತಿದ್ದೆ.

ದೀಪ ಹಚ್ಚುವ ಹೊತ್ತಿಗೆ ಫೋನು ಬಂತು.

"ಟೀಚರಮ್ಮ, ಊರು ಸೇರ್ದೆ. ಹುಳ ಗೂಡು ಕಟ್ಟಕ್ಕೆ ಶುರು ಮಾಡವೆ. ಇಡ್ತೀನಿ, ಕೈ ಬಿಡುವಿಲ್ಲ," ಎಂದವಳು ನಾನು ಉತ್ತರ ಕೊಡುವ ಮೊದಲೇ ಇಟ್ಟುಬಿಟ್ಟಳು.

ಯಾರಾದರೂ ಊರು ಸೇರಿದ್ದನ್ನು ನನಗೆ ತಿಳಿಸಿ ಎಷ್ಟೋ ಕಾಲವಾಗಿತ್ತು. ಫೋನನ್ನು ಸ್ವಲ್ಪ ಹೊತ್ತು ಕೈಯಲ್ಲೇ ಹಿಡಿದುಕೊಂಡಿದ್ದೆ. ಆಮೇಲೆ ಎದ್ದು ಸಾರು ಬಿಸಿ ಮಾಡಿಕೊಂಡೆ.